ಆ ಮನೆಯಲ್ಲಿ ಏನೂ ನಡೆಯುತ್ತಿಲ್ಲವೇ?

‘ಮೂರು ಗಂಟೆ ಇಪ್ಪತ್ತೊಂದು ನಿಮಿಷ ಕೂತು ನೋಡಿದೆ, ಏನೂ ಆಗಲಿಲ್ಲ.’ ಬೆಲ್ಜಿಯಂನ ಶಾಂತಾಲ್ ಆಕರ್ಮಾನ್ 1975ರಲ್ಲಿ ತೆರೆಗೆ ತಂದ ‘ಝಾನ್ ಡೀಲ್‌ಮನ್, 23 ಕೇ ದ್ಯು ಕೊಮೆರ್ಸ್, 1080 ಬ್ರಸೆಲ್ಸ್’ ಚಿತ್ರದ ಮೇಲೆ ಐವತ್ತು ವರ್ಷಗಳಿಂದ ಇರುವ ದೂರು ಇದು. ಚಿತ್ರವನ್ನು ತಳ್ಳಿಹಾಕುವವರು ಈ ಮಾತನ್ನು ಸಿಟ್ಟಿನಿಂದ ಹೇಳುತ್ತಾರೆ. ಮೆಚ್ಚುವವರು ಅದನ್ನೇ ಮೆಚ್ಚುಗೆಯಾಗಿ ಹೇಳುತ್ತಾರೆ: ‘ಏನೂ ಆಗುವುದಿಲ್ಲ, ಅದೇ ಅದರ ಸೊಗಸು.’ ಎರಡು ಕಡೆಯವರೂ ಒಂದೇ ತಪ್ಪು ಮಾಡುತ್ತಿದ್ದಾರೆ ಎಂಬುದು ನನ್ನ ವಾದ. ಆ ಚಿತ್ರದಲ್ಲಿ ಮೊದಲಿಂದ ಕೊನೆಯವರೆಗೆ ಎಡೆಬಿಡದೆ ಏನಾದರೊಂದು ನಡೆಯುತ್ತಲೇ ಇರುತ್ತದೆ. ಅಡುಗೆ ನಡೆಯುತ್ತದೆ, ಪಾತ್ರೆ ತೊಳೆಯುವುದು ನಡೆಯುತ್ತದೆ, ಹಾಸಿಗೆ ಸರಿಪಡಿಸುವುದು, ಶೂ ಉಜ್ಜುವುದು, ಅಂಗಡಿಗೆ ಹೋಗಿಬರುವುದು, ಮಗನಿಗೆ ಬಡಿಸುವುದು ನಡೆಯುತ್ತದೆ. ಇಷ್ಟನ್ನು ಕಣ್ಣಾರೆ ಕಂಡೂ ‘ಏನೂ ಆಗಲಿಲ್ಲ’ ಎನ್ನುವವರು ಮನೆಗೆಲಸದ ಬಗ್ಗೆ ತಮಗೆ ಮೊದಲಿಂದಲೂ ಇದ್ದ ಅಭಿಪ್ರಾಯವನ್ನೇ ಸಿನಿಮಾದ ಮೇಲೆ ಹೊರಿಸುತ್ತಿದ್ದಾರೆ.

2022ರ ಡಿಸೆಂಬರ್‌ನಲ್ಲಿ ಈ ದೂರು ದೊಡ್ಡ ಗದ್ದಲವೇ ಆಯಿತು. ಲಂಡನ್ನಿನ ‘ಸೈಟ್ ಅಂಡ್ ಸೌಂಡ್’ ಪತ್ರಿಕೆ 1952ರಿಂದ ಹತ್ತು ವರ್ಷಕ್ಕೊಮ್ಮೆ ವಿಮರ್ಶಕರ ಮತ ಕೇಳಿ ಶ್ರೇಷ್ಠ ಚಿತ್ರಗಳ ಪಟ್ಟಿ ಮಾಡುತ್ತದೆ. ಮೊದಲ ಸಲ ‘ಬೈಸಿಕಲ್ ಥೀವ್ಸ್’ ಮೇಲಿತ್ತು, ಆಮೇಲೆ ಸತತ ಐದು ಸಲ ‘ಸಿಟಿಜನ್ ಕೇನ್’, 2012ರಲ್ಲಿ ‘ವರ್ಟಿಗೊ’. 2022ರಲ್ಲಿ 1,600ಕ್ಕೂ ಹೆಚ್ಚು ಮಂದಿ ಮತ ಹಾಕಿದಾಗ ಮೊದಲ ಸ್ಥಾನಕ್ಕೆ ಬಂದದ್ದು ಆಕರ್ಮಾನ್ ಚಿತ್ರ. ಹೆಂಗಸೊಬ್ಬಳು ನಿರ್ದೇಶಿಸಿದ ಚಿತ್ರ ಆ ಜಾಗ ಮುಟ್ಟಿದ್ದು ಅದೇ ಮೊದಲು. ‘ಟ್ಯಾಕ್ಸಿ ಡ್ರೈವರ್’ ಚಿತ್ರಕಥೆಗಾರ ಪಾಲ್ ಶ್ರೇಡರ್, ಈ ಚಿತ್ರ ತನಗೆ ಪ್ರಿಯವಾದದ್ದೇ ಎನ್ನುತ್ತಲೇ, ಕಲೆಯ ಹೊರಗಿನ ಲೆಕ್ಕಾಚಾರದಿಂದ ಪಟ್ಟಿ ಹೀಗಾಗಿದೆ ಎಂದು ಆಕ್ಷೇಪಿಸಿದರು. ಪಟ್ಟಿಯ ಏರಿಳಿತದ ಬಗ್ಗೆ ನನಗೆ ಆಸಕ್ತಿಯಿಲ್ಲ. ಮೊದಲ ಸ್ಥಾನ ಸಿಕ್ಕಿದ್ದರಿಂದ ಚಿತ್ರ ದೊಡ್ಡದಾಗಲಿಲ್ಲ, ಸಿಗದಿದ್ದರೆ ಸಣ್ಣದಾಗುತ್ತಲೂ ಇರಲಿಲ್ಲ. ಆದರೆ ಆ ಗದ್ದಲದ ಅಡಿಯಲ್ಲಿದ್ದ ಪ್ರಶ್ನೆ ಮಾತ್ರ ಬಿಡುವಂಥದಲ್ಲ: ಒಬ್ಬ ಗೃಹಿಣಿ ಆಲೂಗಡ್ಡೆ ಹೆರೆಯುವುದನ್ನು ಅಷ್ಟು ಹೊತ್ತು ತೋರಿಸುವುದು ಹೇಗೆ ಸಿನಿಮಾ ಆಗುತ್ತದೆ?

ನೋಡದವರಿಗಾಗಿ ಕತೆಯನ್ನು ನಾಲ್ಕು ಮಾತಿನಲ್ಲಿ ಹೇಳುತ್ತೇನೆ. ಝಾನ್ ವಿಧವೆ. ಸಿಲ್ವಾನ್ ಎಂಬ ಹರೆಯದ ಮಗನಿದ್ದಾನೆ. ಬ್ರಸೆಲ್ಸ್ ನಗರದ ಒಂದು ಫ್ಲ್ಯಾಟಿನಲ್ಲಿ ವಾಸ. ಬೆಳಗ್ಗೆ ಎದ್ದು ಮಗನ ಶೂ ಪಾಲಿಶ್ ಮಾಡಿ, ಕಾಫಿ ಕೊಟ್ಟು ಅವನನ್ನು ಶಾಲೆಗೆ ಕಳಿಸಿದರೆ ಪಾತ್ರೆ, ಹಾಸಿಗೆ, ಬಜಾರು ಶುರು. ನಡುವೆ ನೆರೆಮನೆಯ ಕೂಸನ್ನು ಸ್ವಲ್ಪ ಹೊತ್ತು ನೋಡಿಕೊಳ್ಳಬೇಕು. ಸಂಜೆಯಡುಗೆಗೆ ಆಲೂಗಡ್ಡೆ ಒಲೆಯ ಮೇಲಿಟ್ಟು, ಅದು ಬೇಯುವಷ್ಟರಲ್ಲಿ ಮನೆಗೆ ಬರುವ ಗಂಡಸೊಬ್ಬನಿಗೆ ಮೈ ಒಪ್ಪಿಸುತ್ತಾಳೆ. ಅವನು ಕೊಟ್ಟ ದುಡ್ಡನ್ನು ಊಟದ ಮೇಜಿನ ಮೇಲಿರುವ ಪಿಂಗಾಣಿ ಬೋಗುಣಿಗೆ ಹಾಕಿ ಮುಚ್ಚಳ ಮುಚ್ಚುತ್ತಾಳೆ. ಮೈ ತೊಳೆದು, ಬಚ್ಚಲ ತೊಟ್ಟಿಯನ್ನೂ ಉಜ್ಜಿ, ಮತ್ತೆ ಒಲೆಯ ಮುಂದೆ ಬರುತ್ತಾಳೆ. ದಿನಕ್ಕೊಬ್ಬ ಗಂಡಸು. ಹೀಗೆ ಮೂರು ದಿನ. ಮೂರನೆಯ ದಿನ ಬಂದವನನ್ನು ಕತ್ತರಿಯಿಂದ ಇರಿದು ಕೊಲ್ಲುತ್ತಾಳೆ.

ಇದನ್ನು ಚಿತ್ರಿಸುವಾಗ ಆಕರ್ಮಾನ್‌ಗೆ ಇಪ್ಪತ್ತನಾಲ್ಕು ವರ್ಷ. ಕ್ಯಾಮೆರಾ ಹಿಡಿದವರು ಬಾಬೆತ್ ಮಾಂಗೋಲ್ತ್. ತಂಡದಲ್ಲಿ ಬಹುಪಾಲು ಹೆಂಗಸರೇ. ಕ್ಯಾಮೆರಾ ಎಲ್ಲೂ ಅಲ್ಲಾಡುವುದಿಲ್ಲ, ಮುಖದ ಹತ್ತಿರ ಹೋಗಿ ಕಣ್ಣೀರು ಹುಡುಕುವುದಿಲ್ಲ, ಯಾರ ಕಣ್ಣಿನಿಂದಲೂ ಕದ್ದು ನೋಡುವುದಿಲ್ಲ. ಗಿಡ್ಡಗಿದ್ದ ನಿರ್ದೇಶಕಿಯ ಎತ್ತರಕ್ಕೇ ಅದನ್ನು ಇಟ್ಟಿದ್ದರು. ಭಾವನೆ ಎಬ್ಬಿಸಲು ಹಿನ್ನೆಲೆ ಸಂಗೀತವಿಲ್ಲ. ನಲ್ಲಿಯ ನೀರು, ಚಮಚದ ಸದ್ದು, ದೀಪದ ಸ್ವಿಚ್ಚಿನ ಟಕ್, ಇಷ್ಟೇ. ಝಾನ್ ಆಗಿ ನಟಿಸಿದ ಡೆಲ್ಫಿನ್ ಸೇರಿಗ್ ಹೆಸರಾಂತ ತಾರೆ. 1961ರ ‘ಲಾಸ್ಟ್ ಇಯರ್ ಅಟ್ ಮರಿಯೆನ್‌ಬಾದ್’ ಚಿತ್ರದಲ್ಲಿ ಬೆಲೆಬಾಳುವ ಉಡುಪು ತೊಟ್ಟು ಅರಮನೆಯಂಥ ಹೋಟೆಲಿನ ಉದ್ದುದ್ದ ಓಣಿಗಳಲ್ಲಿ ನಡೆದವರು. ಆ ತಾರೆಯ ಕೈಗೆ ಆಕರ್ಮಾನ್ ಪಾತ್ರೆ ಉಜ್ಜುವ ಬ್ರಷ್ ಕೊಟ್ಟರು. ನಾವು ದಿನಾ ನೋಡಿ ನೋಡದಂತಿರುವ ಕೆಲಸವನ್ನು ಈಗಲಾದರೂ ನೋಡಿಸಬೇಕು ಎಂಬುದೇ ಆ ಆಯ್ಕೆಯ ಹಿಂದಿನ ಹಟ.

‘ಕ್ಯಾಮೆರಾ ಇಟ್ಟು ಮರೆತು ಹೋದ ಹಾಗಿದೆ’ ಎನ್ನುವವರೂ ಇದ್ದಾರೆ. ನಟ ಸಾಮಿ ಫ್ರೇ ಚಿತ್ರೀಕರಣದ ಹೊತ್ತಿನಲ್ಲಿ ತೆಗೆದ ವಿಡಿಯೊ ದಾಖಲೆ ಅವರಿಗೆ ಉತ್ತರ. ಅದರಲ್ಲಿ ಸೇರಿಗ್ ಆಕರ್ಮಾನ್ ಬಳಿ ಒಂದೊಂದು ಚಲನೆಗೂ ಕಾರಣ ಕೇಳುತ್ತಾರೆ. ತಲೆ ಬಾಚುವುದಕ್ಕೆ ಎಷ್ಟು ಹೊತ್ತು, ಈ ಪಾತ್ರೆ ಮೊದಲೋ ಆ ಪಾತ್ರೆ ಮೊದಲೋ, ಇಲ್ಲಿ ನಿಲ್ಲುವುದು ಯಾಕೆ ಎಂದು ಇಬ್ಬರೂ ಜಗಳದ ಹತ್ತಿರಕ್ಕೆ ಹೋಗುವಷ್ಟು ಚರ್ಚಿಸುತ್ತಾರೆ. ಅಲ್ಲಿ ಕೈ ಹೋದಹಾಗೆ ಮಾಡಿದ್ದು ಒಂದೂ ಇಲ್ಲ. ಬ್ರಸೆಲ್ಸ್‌ನ ಯಹೂದಿ ಕುಟುಂಬದಲ್ಲಿ ತಾಯಿ, ಚಿಕ್ಕಮ್ಮ, ದೊಡ್ಡಮ್ಮಂದಿರ ನಡುವೆ ಬೆಳೆದ ಹುಡುಗಿ ಆಕರ್ಮಾನ್. ತಾಯಿ ಆಶ್ವಿಟ್ಸ್ ಯಾತನಾಶಿಬಿರದಿಂದ ಬದುಕಿ ಬಂದವರು. ಅಂಥ ಹೆಂಗಸರು ದಿನದ ಒಂದೊಂದು ಕೆಲಸವನ್ನೂ ಅದರ ಜಾಗದಲ್ಲಿ ಬಿಗಿಯಾಗಿ ಕೂರಿಸುವುದನ್ನು ಮಗಳು ಬಾಲ್ಯದಿಂದ ನೋಡಿದ್ದರು. ಕ್ರಮ ತಪ್ಪಿದರೆ ಏನು ಒಳನುಗ್ಗುತ್ತದೋ ಎಂಬ ಭಯ ಆ ಚಿತ್ರದ ಅಡುಗೆಮನೆಯಲ್ಲೂ ಇದೆ.

ಆ ಭಯವನ್ನು ಹೆಸರಿಸದೆ ಅವರು ಹೇಗೆ ಕಟ್ಟುತ್ತಾರೆ ನೋಡಿ. ಮೊದಲನೆಯ ದಿನ ಎಲ್ಲವೂ ಅಚ್ಚುಕಟ್ಟು. ಒಂದು ಕೋಣೆಯಿಂದ ಹೊರಬಂದಾಗಲೆಲ್ಲ ಝಾನ್ ದೀಪ ಆರಿಸುತ್ತಾಳೆ, ಮುಂದಿನ ಕೋಣೆಯಲ್ಲಿ ಹಾಕುತ್ತಾಳೆ. ಬೋಗುಣಿಯ ಮುಚ್ಚಳ ಎತ್ತುತ್ತಾಳೆ, ದುಡ್ಡು ಹಾಕುತ್ತಾಳೆ, ಮುಚ್ಚುತ್ತಾಳೆ. ಆಲೂಗಡ್ಡೆ ಹದವಾಗಿ ಬೆಂದಿರುತ್ತದೆ. ನೋಡುವವರಿಗೆ ಅರಿವಿಲ್ಲದೆಯೇ ಆ ಮನೆಯ ಕ್ರಮ ರೂಢಿಯಾಗಿಬಿಡುತ್ತದೆ. ಯಾವ ಸ್ವಿಚ್ ಎಲ್ಲಿದೆ, ಯಾವ ಬಟ್ಟೆ ಯಾವ ಮೊಳೆಗೆ ಎಂಬುದೆಲ್ಲ ಗೊತ್ತಾಗುತ್ತದೆ.

ಎರಡನೆಯ ದಿನದ ಗಂಡಸು ಹೋದ ಮೇಲೆ ಏನೋ ಜಾರುತ್ತದೆ. ಅವಳ ಕೂದಲು ಕೆದರಿದೆ. ದುಡ್ಡು ಹಾಕಿದ ಬೋಗುಣಿಯನ್ನು ಮುಚ್ಚುವುದು ಮರೆತಿದ್ದಾಳೆ. ಅಡುಗೆಮನೆಗೆ ಬಂದರೆ ಆಲೂಗಡ್ಡೆ ಅತಿಯಾಗಿ ಬೆಂದು ಕೆಟ್ಟುಹೋಗಿದೆ. ಪಾತ್ರೆ ಕೈಯಲ್ಲಿ ಹಿಡಿದುಕೊಂಡು ಅದನ್ನು ಎಲ್ಲಿಡಬೇಕೆಂದು ತಿಳಿಯದೆ ಬಚ್ಚಲಿಗೆ ಹೋಗುತ್ತಾಳೆ, ವಾಪಸು ಬರುತ್ತಾಳೆ. ಮನೆಯ ಪ್ರತಿ ವಸ್ತುವಿನ ಜಾಗ ತಿಳಿದ ಹೆಂಗಸಿಗೆ ಒಂದು ಪಾತ್ರೆಗೆ ಜಾಗ ಸಿಗುತ್ತಿಲ್ಲ! ಮನೆಯಲ್ಲಿ ಬೇರೆ ಆಲೂಗಡ್ಡೆ ಇಲ್ಲ. ಅಂಗಡಿಗೆ ಓಡಿ ತಂದು ಮತ್ತೆ ಕೂತು ಹೆರೆಯುತ್ತಾಳೆ. ಈ ಸಲ ಕೈಯಲ್ಲಿ ಸಿಟ್ಟಿದೆ. ಊಟ ತಡವಾಗುತ್ತದೆ. ಮೂರನೆಯ ದಿನ ಬೆಳಗ್ಗೆ ಶೂ ಬ್ರಷ್ ಕೈಜಾರಿ ಬೀಳುತ್ತದೆ. ಕಾಫಿ ರುಚಿ ಕೆಟ್ಟಿದೆ. ಚೆಲ್ಲುತ್ತಾಳೆ, ಮತ್ತೆ ಮಾಡುತ್ತಾಳೆ. ಮಗನ ಕೋಟಿಗೆ ಒಂದು ಗುಂಡಿ ಬೇಕು. ಅಂಗಡಿ ಅಂಗಡಿ ಸುತ್ತಿದರೂ ಅದಕ್ಕೆ ಹೊಂದುವ ಗುಂಡಿ ಸಿಗುವುದಿಲ್ಲ.

ಆ ಬ್ರಷ್ ನೆಲಕ್ಕೆ ಬಿದ್ದಾಗ ಎದೆ ಧಸಕ್ಕೆನ್ನುತ್ತದೆ. ಬಾಂಬು ಸಿಡಿಯುವ ಎಷ್ಟೋ ಚಿತ್ರಗಳಲ್ಲಿ ಆಗದ್ದು ಇಲ್ಲಿ ಒಂದು ಬ್ರಷ್‌ನಿಂದ ಆಗುತ್ತದೆ. ಅದಕ್ಕೆ ಕಾರಣ ಹಿಂದಿನ ಎರಡು ಗಂಟೆಗಳು. ‘ಎಡಿಟಿಂಗ್ ಟೇಬಲ್ಲಿನ ಮುಂದೆ ಕೂತು ಇದನ್ನು ತೊಂಬತ್ತು ನಿಮಿಷಕ್ಕೆ ಇಳಿಸಬಹುದಿತ್ತು’ ಎಂದು ಸಲಹೆ ಕೊಡುವವರು ಈ ಒಂದು ಸಂಗತಿಗೆ ಉತ್ತರ ಹೇಳಬೇಕು. ಮೊದಲ ದಿನದ ಆಲೂಗಡ್ಡೆಯನ್ನು ಕತ್ತರಿಸಿ ಹತ್ತು ಸೆಕೆಂಡಿಗೆ ಇಳಿಸಿದರೆ ಎರಡನೆಯ ದಿನ ಅದು ಕೆಟ್ಟಿದ್ದು ಯಾರಿಗೆ ತಟ್ಟುತ್ತದೆ? ‘ಅಯ್ಯೋ, ಆಲೂಗಡ್ಡೆ ಹೆಚ್ಚು ಬೆಂದವು’ ಎಂಬ ಮಾಹಿತಿ ಸಿಗುತ್ತದೆ, ಅಷ್ಟೆ. ಕ್ರಮ ಮುರಿಯುವುದು ಕಾಣಬೇಕಾದರೆ ಕ್ರಮ ಮೈಗೂಡಿರಬೇಕು. ಅದಕ್ಕೆ ಹೊತ್ತು ಬೇಕು. ಈ ಚಿತ್ರದ ಕಥಾಸಂವಿಧಾನವೇ ಆ ಹೊತ್ತು.

ಇಲ್ಲಿಂದ ನನ್ನ ಜಗಳ ಮೆಚ್ಚುವವರ ಜತೆ. ಕಳೆದ ಇಪ್ಪತ್ತು ವರ್ಷಗಳಲ್ಲಿ ವಿಮರ್ಶಕರು ‘ಸ್ಲೋ ಸಿನಿಮಾ’ ಎಂಬ ಒಂದು ಕೊಟ್ಟಿಗೆ ಕಟ್ಟಿ, ತಾರ್ಕೊವ್‌ಸ್ಕಿ, ಬೇಲಾ ತಾರ್, ಆಕರ್ಮಾನ್ ಎಲ್ಲರನ್ನೂ ಅದರಲ್ಲಿ ಕೂಡಿದರು. ಝಾನ್ ಡೀಲ್‌ಮನ್ ನಿಧಾನವೇ? ಅವಳ ಕೈಗಳನ್ನು ನೋಡಿ. ಮಾಂಸದ ತುಂಡುಗಳನ್ನು ಹಿಟ್ಟಿನಲ್ಲಿ, ಮೊಟ್ಟೆಯಲ್ಲಿ, ಬ್ರೆಡ್ ಪುಡಿಯಲ್ಲಿ ಹೊರಳಿಸುವ ಆ ಬೆರಳುಗಳಿಗೆ ಒಂದು ಕ್ಷಣ ಬಿಡುವಿಲ್ಲ. ಪಾತ್ರೆ ತೊಳೆಯುವ ವೇಗ ಯಾವ ಅನುಭವಸ್ಥ ಗೃಹಿಣಿಯ ವೇಗಕ್ಕೂ ಕಡಿಮೆಯಿಲ್ಲ. ಕೆಲಸ ತನಗೆ ಬೇಕಾದಷ್ಟೇ ಹೊತ್ತು ತೆಗೆದುಕೊಳ್ಳುತ್ತಿದೆ. ಅದು ನಮಗೆ ನಿಧಾನ ಎನ್ನಿಸುವುದು ಆ ಕೆಲಸ ನಮ್ಮ ಕಣ್ಣೆದುರು ನಡೆಯದೆ, ಮುಗಿದು ಮೇಜಿನ ಮೇಲೆ ಬಂದು ಕೂರುವುದನ್ನು ರೂಢಿ ಮಾಡಿಕೊಂಡಿದ್ದರಿಂದ. ನಿಜಕ್ಕೂ ನಿಧಾನದ ಹೊತ್ತು ಚಿತ್ರದಲ್ಲಿ ಮೂರನೆಯ ದಿನ ಬರುತ್ತದೆ. ಕೆಲಸಗಳು ಬೇಗ ಮುಗಿದು, ತುಂಬಲು ಏನೂ ಇಲ್ಲದ ಸಮಯ ಅವಳ ಕೈಗೆ ಸಿಗುತ್ತದೆ. ಕುರ್ಚಿಯಲ್ಲಿ ಸುಮ್ಮನೆ ಕೂರುತ್ತಾಳೆ. ಇಡೀ ಚಿತ್ರದಲ್ಲಿ ಅವಳಿಗೆ ಅತ್ಯಂತ ಅಪಾಯದ ಗಳಿಗೆ ಅದೇ.

ಇನ್ನೊಂದು ಮೆಚ್ಚುಗೆಯ ಮಾತು ‘ಧ್ಯಾನ’. ಚಿತ್ರೋತ್ಸವದ ಕೈಪಿಡಿಗಳಲ್ಲಿ, ಉಪನ್ಯಾಸಗಳಲ್ಲಿ, ಕನ್ನಡದ ವಿಮರ್ಶೆಯಲ್ಲೂ ಇಂಥ ಚಿತ್ರಗಳಿಗೆ ಧ್ಯಾನಸ್ಥ, ಧ್ಯಾನಶೀಲ ಎಂಬ ವಿಶೇಷಣ ಸಲೀಸಾಗಿ ಅಂಟುತ್ತದೆ. ‘ತಾಳ್ಮೆ ಬೇಡುವ ಚಿತ್ರ’ ಎನ್ನುವುದು ಅದರ ಜೋಡಿ. ನನಗೆ ಈ ಹೊಗಳಿಕೆ ತೆಗಳಿಕೆಗಿಂತ ಹೆಚ್ಚು ನೋವು ಕೊಡುತ್ತದೆ. ಎಂಜಲು ತಟ್ಟೆ ತೊಳೆಯುವುದು ಧ್ಯಾನವಾಗಿ ಕಾಣಬೇಕಾದರೆ ಅದನ್ನು ನಾಳೆ, ನಾಡಿದ್ದು, ಮುಂದಿನ ಮೂವತ್ತು ವರ್ಷ ನಾವೇ ತೊಳೆಯಬೇಕಿರಬಾರದು. ಝಾನ್‌ಗೆ ಆ ಕೆಲಸದಿಂದ ಶಾಂತಿ ಸಿಗುತ್ತಿಲ್ಲ. ಅದು ಅವಳನ್ನು ಹಿಡಿದು ನಿಲ್ಲಿಸಿದೆ, ಕಟ್ಟಿಯೂ ಹಾಕಿದೆ. ಅವಳ ಪಾಡನ್ನು ನಮ್ಮ ಆತ್ಮೋನ್ನತಿಯ ಸಾಧನ ಮಾಡಿಕೊಂಡರೆ ಏನೂ ಆಗಲಿಲ್ಲ ಎಂದವನಿಗಿಂತ ನಾವು ಮೇಲಾದದ್ದೆಲ್ಲಿ? ಅವನಾದರೂ ಬೇಸರಪಟ್ಟ. ಆ ಬೇಸರದಲ್ಲಿ ಅವಳ ದಿನದ ಒಂದಂಶವಾದರೂ ಅವನಿಗೆ ತಾಗಿತು.

ಉದ್ದದ ಬಗ್ಗೆ ಗೊಣಗುವವರ ಮುಂದೆ ನಮ್ಮ ದೇಶದ ಲೆಕ್ಕವನ್ನೇ ಇಡುತ್ತೇನೆ. ಕೇಂದ್ರ ಸರ್ಕಾರ 2019ರಲ್ಲಿ ದೇಶದಾದ್ಯಂತ ಸಮಯ ಬಳಕೆಯ ಸಮೀಕ್ಷೆ ಮಾಡಿತು. ತಮ್ಮ ಮನೆಯವರಿಗಾಗಿ ಸಂಬಳವಿಲ್ಲದ ಮನೆಗೆಲಸ ಮಾಡುವ ಹೆಂಗಸರು ಅದಕ್ಕೆ ದಿನಕ್ಕೆ ಸರಾಸರಿ 299 ನಿಮಿಷ ಕೊಡುತ್ತಾರೆ ಎಂದು ಅದರಲ್ಲಿ ಗೊತ್ತಾಯಿತು. ಅಂಥ ಕೆಲಸಕ್ಕೆ ಕೈಹಾಕುವ ಗಂಡಸರ ಸರಾಸರಿ 97 ನಿಮಿಷ. 2024ರ ಸಮೀಕ್ಷೆಯಲ್ಲಿ ಹೆಂಗಸರದು 289, ಗಂಡಸರದು 88. ಆಕರ್ಮಾನ್ ಚಿತ್ರದ ಉದ್ದ 201 ನಿಮಿಷ, ಅದೂ ಮೂರು ದಿನಗಳ ಕೆಲಸ ಸೇರಿ. ಅಂದರೆ ಜಗತ್ತಿನ ಅತಿ ದೀರ್ಘ ಅಡುಗೆಮನೆಯ ಚಿತ್ರ ಎಂದು ನಾವು ಮೂಗು ಮುರಿಯುವ ಸಿನಿಮಾ ನಮ್ಮ ಮನೆಯ ಹೆಂಗಸಿನ ಒಂದು ದಿನದ ಕೆಲಸಕ್ಕಿಂತ ಒಂದೂವರೆ ಗಂಟೆಯಷ್ಟು ಚಿಕ್ಕದು. ಆ ಕೆಲಸ ಮಾಡುವವರನ್ನು ನಮ್ಮ ಜನಗಣತಿ ಎಲ್ಲಿ ಸೇರಿಸುತ್ತದೆ? ಮನೆಗೆಲಸದಲ್ಲಿ ಮಾತ್ರ ತೊಡಗಿದವರು 2011ರ ಗಣತಿಯಲ್ಲಿ ದುಡಿಯದವರ ಪಟ್ಟಿಯಲ್ಲಿದ್ದಾರೆ, ವಿದ್ಯಾರ್ಥಿಗಳು ಮತ್ತು ಪಿಂಚಣಿದಾರರ ಜತೆಗೆ. ‘ನಿಮ್ಮ ಮನೆಯವರು ಏನು ಮಾಡ್ತಾರೆ?’ ಎಂದು ಕೇಳಿದರೆ ‘ಏನಿಲ್ಲ, ಮನೇಲೇ ಇರ್ತಾಳೆ’ ಎನ್ನುವ ಉತ್ತರಕ್ಕೂ ‘ಈ ಸಿನಿಮಾದಲ್ಲಿ ಏನೂ ಆಗಲ್ಲ’ ಎನ್ನುವ ವಿಮರ್ಶೆಗೂ ಬೇರು ಒಂದೇ.

1975ರಲ್ಲಿ ಈ ವಿಷಯ ಬೇರೆಡೆಯೂ ಬಿಸಿಯಾಗಿತ್ತು. ಮನೆಗೆಲಸಕ್ಕೆ ಕೂಲಿ ಕೇಳುವ ಚಳವಳಿ 1972ರಲ್ಲೇ ಇಟಲಿ, ಬ್ರಿಟನ್, ಅಮೆರಿಕಗಳ ಸ್ತ್ರೀವಾದಿಗಳಿಂದ ಶುರುವಾಗಿತ್ತು. ಅವರಲ್ಲೊಬ್ಬರಾದ ಸಿಲ್ವಿಯಾ ಫೆಡೆರಿಚಿ ಆ ಬಗ್ಗೆ ತಮ್ಮ ಹೆಸರಾಂತ ಕಿರುಹೊತ್ತಗೆ ಪ್ರಕಟಿಸಿದ್ದು 1975ರಲ್ಲಿ. ಅದೇ ವರ್ಷ ಅಕ್ಟೋಬರ್ 24ರಂದು ಐಸ್‌ಲ್ಯಾಂಡಿನ ಸುಮಾರು ಶೇ 90ರಷ್ಟು ಹೆಂಗಸರು ಕಚೇರಿಯ ಕೆಲಸವನ್ನೂ ಮನೆಯ ಕೆಲಸವನ್ನೂ ಬಿಟ್ಟು ಬೀದಿಗೆ ಬಂದರು. ದೇಶವೇ ಆ ದಿನ ನಿಂತುಹೋಯಿತು. ಏನೂ ಮಾಡುತ್ತಿಲ್ಲ ಎಂದುಕೊಂಡಿದ್ದವರು ಕೈ ಬಿಟ್ಟಾಗ ಎಲ್ಲವೂ ನಿಂತದ್ದು ಹೇಗೆ? ಅದೇ ವರ್ಷದ ಮೇ ತಿಂಗಳಲ್ಲಿ ಕಾನ್ ಉತ್ಸವದ ನಿರ್ದೇಶಕರ ವಿಭಾಗದಲ್ಲಿ ಆಕರ್ಮಾನ್ ಚಿತ್ರ ತೆರೆಕಂಡಿತ್ತು. ಇವು ಒಂದರಿಂದ ಇನ್ನೊಂದು ಹುಟ್ಟಿದ್ದು ಎಂದು ನಾನು ಹೇಳುತ್ತಿಲ್ಲ. ಆಕರ್ಮಾನ್ ತಮ್ಮ ಚಿತ್ರಕ್ಕೆ ಯಾವ ಹಣೆಪಟ್ಟಿ ಹಚ್ಚಿದರೂ ಸಿಡಿಮಿಡಿಗೊಳ್ಳುತ್ತಿದ್ದವರು. ಆದರೆ ಒಂದು ಕಾಲದ ಪ್ರಶ್ನೆಗೆ ಅವರು ಘೋಷಣೆಯಿಂದಲ್ಲದೆ ಕ್ಯಾಮೆರಾ ಇಡುವ ಎತ್ತರದಿಂದ, ಕಟ್ ಮಾಡದೆ ಕಾಯುವುದರಿಂದ ಉತ್ತರ ಕೊಟ್ಟರು.

ಚಿತ್ರವನ್ನು ಸಮರ್ಥಿಸುವ ಮತ್ತೊಂದು ಸುಲಭದ ದಾರಿಯೂ ದಾರಿ ತಪ್ಪಿಸುವಂಥದೇ. ‘ಕೊನೆಯವರೆಗೆ ಕಾಯಿರಿ, ಕೊಲೆಯೊಂದಿದೆ’ ಎಂದು ಗೆಳೆಯರಿಗೆ ಹೇಳಿ ಕೂರಿಸುವವರಿದ್ದಾರೆ. ಹಾಗೆ ಹೇಳಿದರೆ ಮೂರು ಗಂಟೆಯ ದುಡಿಮೆ ಕೊಲೆಯ ಪೀಠಿಕೆಯಾಗಿಬಿಡುತ್ತದೆ. ಚಿತ್ರಗಳಲ್ಲಿ ಮುತ್ತಿಗೂ ಕಾರು ಅಪಘಾತಕ್ಕೂ ಸಿಗುವ ಮೇಲಿನ ಜಾಗ ಪಾತ್ರೆ ತೊಳೆಯುವುದಕ್ಕೆ ಸಿಗುವುದಿಲ್ಲ ಎಂಬುದನ್ನು ಆಕರ್ಮಾನ್ ಸಂದರ್ಶನಗಳಲ್ಲಿ ಹೇಳಿದ್ದಾರೆ. ಆ ಮೇಲು ಕೀಳನ್ನು ಅಳಿಸುವುದೇ ಅವರ ಕೆಲಸವಾಗಿತ್ತು. ಕೊಲೆಯನ್ನೂ ಅವರು ಮಾಂಸ ಹದಮಾಡುವ ದೃಶ್ಯದಷ್ಟೇ ದೂರದಿಂದ, ಅಷ್ಟೇ ಸಮಚಿತ್ತದಿಂದ ತೋರಿಸುತ್ತಾರೆ. ಆಮೇಲೆ ಝಾನ್ ಕತ್ತಲಲ್ಲಿ ಊಟದ ಮೇಜಿನ ಮುಂದೆ ಹಲವು ನಿಮಿಷ ಕೂತಿರುತ್ತಾಳೆ. ಬೀದಿಯ ನಿಯಾನ್ ದೀಪ ಗೋಡೆಯ ಮೇಲೆ ಮಿನುಗುತ್ತಿರುತ್ತದೆ, ಕೈಗೆ ರಕ್ತ ಅಂಟಿರುತ್ತದೆ. ಆ ನಿಮಿಷಗಳಲ್ಲಿ ನಾವು ಕೊಲೆಯ ಬಗ್ಗೆ ಯೋಚಿಸಿದಷ್ಟೇ ಒಲೆಯ ಬಗ್ಗೆ, ಶಾಲೆಯಿಂದ ಬರಲಿರುವ ಮಗನ ಊಟದ ಬಗ್ಗೆ ಯೋಚಿಸುತ್ತೇವೆ. ಅಲ್ಲಿಗೆ ಆಕರ್ಮಾನ್ ಗೆದ್ದರು.

ಇದು ಯುರೋಪಿನ ಒಬ್ಬ ಹುಡುಗಿಯ ಹುಚ್ಚಾಟ, ಹಿಂದೆ ಮುಂದೆ ಏನೂ ಇಲ್ಲ ಎನ್ನುವವರಿಗೆ ಇತಿಹಾಸವೂ ಎದುರು ನಿಲ್ಲುತ್ತದೆ. 1952ರ ‘ಉಂಬರ್ತೋ ಡಿ’ ಚಿತ್ರದಲ್ಲಿ ನಿರ್ದೇಶಕ ಡಿ ಸೀಕಾ ಮನೆಗೆಲಸದ ಹುಡುಗಿಯೊಬ್ಬಳು ಬೆಳಗ್ಗೆ ಎದ್ದು ಅಡುಗೆಮನೆಗೆ ಬರುವುದನ್ನು ಕತೆ ನಿಲ್ಲಿಸಿ ತೋರಿಸಿದರು. ಅವಳು ಗೋಡೆಯ ಇರುವೆಗಳಿಗೆ ನೀರು ಬಿಡುತ್ತಾಳೆ, ಕಾಫಿ ಬೀಜ ಬೀಸುತ್ತಾಳೆ, ಕೂತಲ್ಲಿಂದಲೇ ಕಾಲು ಚಾಚಿ ಹೆಬ್ಬೆರಳಿಂದ ಬಾಗಿಲು ತಳ್ಳುತ್ತಾಳೆ. ಆಂದ್ರೆ ಬಾಜಾನ್ ಎಂಬ ಫ್ರೆಂಚ್ ವಿಮರ್ಶಕರು ಆ ದೃಶ್ಯದಲ್ಲಿ ಸಿನಿಮಾದ ಹೊಸ ಸಾಧ್ಯತೆಯನ್ನೇ ಕಂಡರು. ಅದು ಇಟಲಿಯ ಕತೆ. ನಮ್ಮಲ್ಲಿ? ‘ಝಾನ್ ಡೀಲ್‌ಮನ್’ಗಿಂತ ಐದಾರು ವರ್ಷ ಮೊದಲೇ, 1969ರಲ್ಲಿ, ಮಣಿ ಕೌಲ್ ‘ಉಸ್ಕಿ ರೋಟಿ’ ಮಾಡಿದರು. ಮೋಹನ್ ರಾಕೇಶ್ ಅವರ ಕತೆ, ಕೆ.ಕೆ. ಮಹಾಜನ್ ಅವರ ಛಾಯಾಗ್ರಹಣ. ಪಂಜಾಬಿನ ಬಾಲೋ ಬಸ್ ಡ್ರೈವರ್ ಗಂಡನಿಗಾಗಿ ರೊಟ್ಟಿಯ ಗಂಟು ಹಿಡಿದು ದಿನಾ ಹೆದ್ದಾರಿಯವರೆಗೆ ನಡೆದು ಬಂದು ಬಸ್ಸಿಗಾಗಿ ಕಾಯುತ್ತಾಳೆ. ಒಂದು ದಿನ ತಡವಾಗುತ್ತದೆ, ಗಂಡ ಮುನಿದು ರೊಟ್ಟಿ ಮುಟ್ಟದೆ ಹೋಗುತ್ತಾನೆ. ಅವಳು ಕಾಯುತ್ತಲೇ ಇರುತ್ತಾಳೆ. ಇಷ್ಟೇ ಕತೆ. ಅವಳ ಕಾಯುವಿಕೆಯಲ್ಲಿ ಆದದ್ದು ಯಾವುದು, ಅವಳು ಅಂದುಕೊಂಡದ್ದು ಯಾವುದು ಎಂಬ ಗೆರೆ ಕಲೆಸಿಹೋಗುವಂತೆ ಕೌಲ್ ಎರಡು ಬಗೆಯ ಲೆನ್ಸ್‌ಗಳನ್ನು ಬಳಸಿದರು. ಈ ಚಿತ್ರಕ್ಕೂ ಅಂದು ಸಿಕ್ಕ ಬೈಗುಳ ಅದೇ: ಏನೂ ಆಗುವುದಿಲ್ಲ. ರೊಟ್ಟಿ ಯಾರು ಬೇಯಿಸಿದರು, ಅಷ್ಟು ದೂರ ಯಾರು ಹೊತ್ತು ತಂದರು, ಬಿಸಿಲಲ್ಲಿ ಯಾರು ನಿಂತರು ಎಂದು ಬೈದವರು ಕೇಳಲೇ ಇಲ್ಲ.

ಎಲ್ಲ ಉದ್ದದ ಶಾಟ್‌ಗಳೂ ಪೂಜೆಗೆ ಅರ್ಹ ಎಂದು ನಾನು ವಾದಿಸುತ್ತಿಲ್ಲ. ಚಿತ್ರೋತ್ಸವಗಳ ಮೇಲೆ ಕಣ್ಣಿಟ್ಟು ಮಾಡಿದ ಎಷ್ಟೋ ಚಿತ್ರಗಳಲ್ಲಿ ಮುದುಕನೊಬ್ಬ ಮಂಜಿನತ್ತ ಐದು ನಿಮಿಷ ನೋಡುತ್ತಾನೆ, ಕ್ಯಾಮೆರಾ ಅವನ ಬೆನ್ನನ್ನು ನೋಡುತ್ತದೆ. ಅಲ್ಲಿ ನಿಜವಾಗಿಯೂ ಏನೂ ನಡೆಯುತ್ತಿಲ್ಲ. ಅಂಥದನ್ನು ಕಂಡು ಬೇಸತ್ತವರ ಪರ ನಾನಿದ್ದೇನೆ. ಬೇಲಾ ತಾರ್ ಅವರ 2011ರ ‘ದಿ ಟ್ಯೂರಿನ್ ಹಾರ್ಸ್’ ಆ ಜಾತಿಯದಲ್ಲ, ದೊಡ್ಡ ಚಿತ್ರ. ಮೂವತ್ತೇ ಶಾಟ್‌ಗಳಲ್ಲಿ ಆರು ದಿನಗಳ ಕತೆ, ಅಲ್ಲೂ ಅಪ್ಪ ಮಗಳು ದಿನಾ ತಿನ್ನುವುದು ಬೇಯಿಸಿದ ಆಲೂಗಡ್ಡೆ. ಆದರೆ ತಾರ್ ಕೈಯಲ್ಲಿ ಆ ಆಲೂಗಡ್ಡೆ ಜಗತ್ತು ಆರಿಹೋಗುವುದರ ಸಂಕೇತವಾಗುತ್ತದೆ. ಆಕರ್ಮಾನ್ ಚಿತ್ರದ ಆಲೂಗಡ್ಡೆ ಕೊನೆಯವರೆಗೂ ಆಲೂಗಡ್ಡೆಯೇ. ಅದನ್ನು ಕೊಂಡು ತರಬೇಕು, ಹೆರೆಯಬೇಕು, ಕಾದು ಇಳಿಸಬೇಕು. ನನಗೆ ಈ ಎರಡನೆಯದೇ ಹೆಚ್ಚು ಧೈರ್ಯದ ಕಲೆ ಎನ್ನಿಸುತ್ತದೆ. ಸಂಕೇತವಾದ ಕೂಡಲೇ ಯಾವ ವಸ್ತುವಿಗೂ ಗೌರವ ಸಿಕ್ಕಿಬಿಡುತ್ತದೆ. ಸಂಕೇತವಾಗದೆ ಉಳಿದ ತರಕಾರಿಯನ್ನು ತೆರೆಯ ಮೇಲೆ ಗೌರವಿಸುವುದು ಕಷ್ಟ.

‘ನಮ್ಮ ಜನಕ್ಕೆ ಇಷ್ಟು ಹೊತ್ತು ಕೂರುವ ತಾಳ್ಮೆ ಇಲ್ಲ’ ಎಂಬುದು ಕೊನೆಯ ಅಸ್ತ್ರ. ನಮ್ಮ ಜನ ಎಂದರೆ ಯಾರು? ಕರಾವಳಿ, ಮಲೆನಾಡಿನಲ್ಲಿ ರಾತ್ರಿಯಿಂದ ಬೆಳಗಿನವರೆಗೆ ಯಕ್ಷಗಾನ ನೋಡಿದ ಜನ. ವೇಷವಿಲ್ಲದೆ, ಕುಣಿತವಿಲ್ಲದೆ, ಬರೀ ಮಾತಿನ ತಾಳಮದ್ದಲೆಗೆ ಇರುಳಿಡೀ ಕಿವಿಗೊಟ್ಟವರು. ಐದು ದಿನದ ಟೆಸ್ಟ್ ಕ್ರಿಕೆಟ್ ನೋಡಿ, ಪಂದ್ಯ ಡ್ರಾ ಆದಾಗ ಆಟದ ಸೊಗಸನ್ನು ವಾರಗಟ್ಟಲೆ ಮೆಲುಕು ಹಾಕಿದವರು. ಟಿ.ವಿ. ಧಾರಾವಾಹಿಗಳಲ್ಲಿ ಒಂದು ಮಾತಿಗೆ ಐದು ಮುಖಗಳು ಸರದಿಯಲ್ಲಿ ತಿರುಗುವುದನ್ನು, ಗು‌ಡುಗಿನ ಸದ್ದಿನ ಜತೆ ಅದೇ ಮುಖ ಮೂರು ಸಲ ಬರುವುದನ್ನು ಸಾವಿರ ಕಂತುಗಳವರೆಗೆ ನೋಡುವವರು. ಅಲ್ಲಿ ಯಾರೂ ನಿಧಾನ ಎಂದು ಎದ್ದು ಹೋಗುವುದಿಲ್ಲ. ಆ ಧಾರಾವಾಹಿಗಳಲ್ಲೂ ಅಡುಗೆಮನೆ ಉಂಟು. ರೇಷ್ಮೆ ಸೀರೆ ಉಟ್ಟ ಅತ್ತೆ ಸೊಸೆಯರು ಅಲ್ಲಿ ನಿಂತು ಸಂಚು ಹೂಡುತ್ತಾರೆ, ಕಣ್ಣೀರಿಡುತ್ತಾರೆ. ಒಲೆ ಉರಿಯುವುದು, ಪಾತ್ರೆ ತೊಳೆಯುವುದು ಅಪರೂಪ. ಹಾಗಾಗಿ ನಮ್ಮಲ್ಲಿ ತಾಳ್ಮೆಗೆ ಬರವಿಲ್ಲ. ಹೆಂಗಸಿನ ದುಡಿಮೆಯ ಹೊತ್ತನ್ನು ನೋಡಲೊಲ್ಲದ ಅಭ್ಯಾಸವೊಂದು ನಮ್ಮಲ್ಲಿದೆ. 2021ರಲ್ಲಿ ಜಿಯೊ ಬೇಬಿ ಅವರ ಮಲಯಾಳಂ ಚಿತ್ರ ‘ದಿ ಗ್ರೇಟ್ ಇಂಡಿಯನ್ ಕಿಚನ್’ ಆ ಅಭ್ಯಾಸಕ್ಕೆ ಪೆಟ್ಟು ಕೊಟ್ಟಿತು. ಹೆಚ್ಚುವುದು, ಬೇಯಿಸುವುದು, ಎಂಜಲು ಬಳಿಯುವುದು, ಸೋರುವ ಸಿಂಕ್ ಒರೆಸುವುದು ಮತ್ತೆ ಮತ್ತೆ ಬಂದಾಗ ಎಷ್ಟೋ ಮನೆಗಳಲ್ಲಿ ಗಂಡಸರು ಚಡಪಡಿಸಿದರು. ಆದರೂ ಅದು ತುಣುಕು ತುಣುಕಾಗಿ ಕತ್ತರಿಸಿ ಜೋಡಿಸಿದ ಚಿತ್ರ. ಕೆಲಸದ ಮರುಕಳಿಕೆಯನ್ನು ತೋರಿಸಿತು, ಕೆಲಸದ ಹೊತ್ತನ್ನು ನಮ್ಮ ಮೇಲೆ ಹೊರಿಸಲಿಲ್ಲ. ಕೊನೆಗೆ ನಾಯಕಿ ಬಾಗಿಲು ತೆರೆದು ಹೊರಗೆ ಹೋಗುವ ಸಮಾಧಾನವನ್ನೂ ಕೊಟ್ಟಿತು. ಆಕರ್ಮಾನ್ ಆ ಸಮಾಧಾನ ಕೊಡುವುದಿಲ್ಲ.

ಜನಕ್ಕೆ ತಾಳ್ಮೆಯಿಲ್ಲ ಎಂದು ಸಾಮಾನ್ಯ ನೋಡುಗರನ್ನು ಕೀಳಾಗಿ ಕಾಣುವ ಈ ವಾದ ಕನ್ನಡದಲ್ಲಿ ಆಡುವಂಥದೇ ಅಲ್ಲ. ಹೆಗ್ಗೋಡಿನಲ್ಲಿ ಕೆ.ವಿ. ಸುಬ್ಬಣ್ಣ ಮತ್ತು ಗೆಳೆಯರು 1970ರ ದಶಕದಲ್ಲೇ ನೀನಾಸಮ್ ಚಿತ್ರಸಮಾಜ ಕಟ್ಟಿ ‘ಪಥೇರ್ ಪಾಂಚಾಲಿ’, ‘ಬೈಸಿಕಲ್ ಥೀವ್ಸ್’, ‘ರಾಶೋಮಾನ್’ನಂಥ ಚಿತ್ರಗಳನ್ನು ಅಡಿಕೆ ತೋಟದ ಕೂಲಿಯವರಿಗೆ, ಶಾಲೆಯ ಮೇಷ್ಟ್ರಿಗೆ, ಅಂಗಡಿಯವರಿಗೆ ತೋರಿಸಿದ ನಾಡು ಇದು. ಭಾಷೆ ತಿಳಿಯದ ಕಡೆ ಕನ್ನಡದಲ್ಲಿ ವಿವರಣೆ ಕೊಟ್ಟರು, ಆಮೇಲೆ ಚರ್ಚೆ ನಡೆಸಿದರು. ಹಳ್ಳಿಯವರು ಬಂದರು, ಕೂತರು, ಮಾತಾಡಿದರು. ಆ ಕೆಲಸವನ್ನು ಇವತ್ತು ‘ಝಾನ್ ಡೀಲ್‌ಮನ್’ಗೂ ‘ಉಸ್ಕಿ ರೋಟಿ’ಗೂ ಮಾಡಬೇಕು. ಆಕರ್ಮಾನ್ ಚಿತ್ರದಲ್ಲಿ ಮಾತು ತೀರಾ ಕಡಿಮೆ. ಕನ್ನಡ ಸಬ್‌ಟೈಟಲ್ ಬರೆಯುವುದು ಕಷ್ಟದ ಕೆಲಸವಲ್ಲ. ಅದನ್ನು ಸಿನಿಮಾ ವಿದ್ಯಾರ್ಥಿಗಳ ಕೊಠಡಿಯಲ್ಲಿ ಮಾತ್ರ ತೋರಿಸುವುದನ್ನು ಬಿಟ್ಟು ಸ್ವಸಹಾಯ ಸಂಘಗಳ ಹೆಂಗಸರಿಗೆ, ಬಿಸಿಯೂಟ ಬೇಯಿಸುವವರಿಗೆ, ನಿವೃತ್ತ ಅಧ್ಯಾಪಕಿಯರಿಗೆ ತೋರಿಸಿ. ಅವರ ಮಕ್ಕಳಿಗೆ ಆ ಮಧ್ಯಾಹ್ನ ಊಟ ಹಾಕುವ ಹೊಣೆಯನ್ನು ಸಂಘಟಕರು ಹೊತ್ತುಕೊಳ್ಳಲಿ, ಇಲ್ಲದಿದ್ದರೆ ಮೂರೂಕಾಲು ಗಂಟೆ ಅವರಿಗೆ ಸಿಗುವುದಿಲ್ಲ. ಮೊದಲು ಭಾಷಣ ಬೇಡ, ತಾಳ್ಮೆಯ ಉಪದೇಶ ಖಂಡಿತ ಬೇಡ. ಮುಗಿದ ಮೇಲೆ ‘ಬೋರಾಯಿತೇ’ ಎಂದು ಕೇಳದೆ, ಎರಡನೆಯ ದಿನ ಆಲೂಗಡ್ಡೆ ಯಾಕೆ ಕೆಟ್ಟಿತು, ಪಾತ್ರೆ ಹಿಡಿದು ಆಕೆ ಬಚ್ಚಲಿಗೆ ಯಾಕೆ ಹೋದಳು ಎಂದು ಕೇಳಿ. ಈ ಪ್ರಶ್ನೆಗಳಿಗೆ ಐವತ್ತು ವರ್ಷಗಳಿಂದ ವಿಮರ್ಶಕರು ಬರೆದ ಉತ್ತರಗಳನ್ನು ನಾನು ಓದಿದ್ದೇನೆ. ಈ ಹೆಂಗಸರ ಉತ್ತರ ಇನ್ನೂ ಕೇಳಿಲ್ಲ.